ಮಗನಿಗೆ ಸ್ಕೂಲಲ್ಲಿ ಒಬ್ಬ ಗೆಳೆಯ ಸಿಕ್ಕ, ಅದೂ ಬುಗುರಿಯಿಂದ

ಹೊಸನಗರದ ಕಡೆಯಿಂದ ಶಿವಮೊಗ್ಗಕ್ಕೆ ಬಂದಾಗ ಮಗ 4ನೇ ಕ್ಲಾಸು. ಊರಿನ ಶಾಲೆಯಲ್ಲಿ ಒಟ್ಟು 17-18 ಮಕ್ಕಳು, ಇಲ್ಲಿ ಒಂದು ಸೆಕ್ಷನ್ನಿಗೇ 40 ಚಿಲ್ಲರೆ. ಮೊದಲ ತಿಂಗಳು ಡಬ್ಬಿ ತುಂಬಿದ್ದ ಹಾಗೇ ವಾಪಸ್ ಬರುತ್ತಿತ್ತು. ಕೆಸುವಿನ ಎಲೆಯ ಪತ್ರೊಡೆ ನೋಡಿ ಪಕ್ಕದವರು ಮೂಗು ಮುಚ್ಚಿಕೊಂಡಿದ್ದರಂತೆ. ಇವನ 'ಎಂತ ಮಾರಾಯ' ಕೇಳಿ ನಕ್ಕಿದ್ದರಂತೆ.

ಸ್ಪೋಕನ್ ಇಂಗ್ಲಿಷ್ ಕ್ಲಾಸಿಗೆ ಸುಮಾರು 4,000 ಸುರಿದೆ. ಕಲಿತದ್ದನ್ನು ಕನ್ನಡಿ ಮುಂದೆ ಮಾತ್ರ ಆಡುತ್ತಿದ್ದ. ಚಕ್ರದ ಬ್ಯಾಗಿಗೆ 1,800. ಜುಲೈ ಮಳೆಯಲ್ಲಿ ಚಕ್ರಕ್ಕೆ ಕೆಸರು ಮೆತ್ತಿ ಅದನ್ನೂ ನಾನೇ ಹೊತ್ತೆ. ಹುಟ್ಟುಹಬ್ಬಕ್ಕೆ ಇಡೀ ಕ್ಲಾಸಿಗೆ ಚಾಕೊಲೇಟ್, 600-700 ಇರಬೇಕು. ತಿಂದವು, ಕೈ ಒರೆಸಿಕೊಂಡವು, ಅಷ್ಟೆ.

ನಡುವೆ ಹಲಸಿನ ಹಪ್ಪಳ ಕಳಿಸಿ ನೋಡಿದೆ. ಮಳೆಗಾಲದಲ್ಲಿ ಮಧ್ಯಾಹ್ನದೊಳಗೆ ಮೆತ್ತಗಾಗುತ್ತೆ ಅಲ್ವಾ, ಅದಕ್ಕೆ ಬಟ್ಟೆಯಲ್ಲಿ ಒಂದು ಹಿಡಿ ಹುರಿದ ಅಕ್ಕಿ ಕಟ್ಟಿ ಡಬ್ಬಿಯ ತಳಕ್ಕಿಟ್ಟೆ, ಗರಿಗರಿಯಾಗಿಯೇ ಉಳಿಯಿತು! ಆದರೆ ಹಪ್ಪಳ ಮುಗಿದ ದಿನ ಸ್ನೇಹವೂ ಮುಗಿಯಿತು.

ಇಡೀ ಕ್ಲಾಸಿನ ಆಸೆ ಬಿಟ್ಟು ಒಬ್ಬನೇ ಸಾಕು ಅಂದುಕೊಂಡೆ. 'ಮಕ್ಕಳು ತಾವೇ ಹೊಂದಿಕೊಳ್ತಾರೆ, ನಿಂದೊಂದು ಅತಿ' ಅಂದ ನಮ್ಮ ಭಾವ. ಎರಡು ವಾರ ಗೇಟಿನ ಹತ್ತಿರ ಬೈಕ್ ನಿಲ್ಲಿಸಿ ಸುಮ್ನೆ ನೋಡಿದೆ, ವಾಚ್‌ಮನ್‌ಗೆ ಅನುಮಾನ ಬಂದು ವಿಚಾರಿಸಿಯೂ ಬಿಟ್ಟ. ಜೋರಿನ ಹುಡುಗರನ್ನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ. ಆಟೋ ಕಾಯುತ್ತಾ ಕಾಂಪೌಂಡ್ ಗೋಡೆ ಮೇಲೆ ಒಬ್ಬನೇ ಕಲ್ಲು ಪೇರಿಸುತ್ತಿದ್ದವನೊಬ್ಬ ಕಣ್ಣಿಗೆ ಬಿದ್ದ. ಶನಿವಾರ ಅರ್ಧ ದಿನ, ಅವತ್ತು ಅವನನ್ನು ಮನೆಗೆ ಕರೆಸಿದೆ. ಅವರಮ್ಮನನ್ನು ಒಪ್ಪಿಸಿದ್ದು ಹೇಗೆ ಅನ್ನುವುದನ್ನು ಮಾತ್ರ ಹೇಳುವುದಿಲ್ಲ.

ಮೊದಲ ಶನಿವಾರ ಸೋಫಾದ ಆ ತುದಿ ಒಬ್ಬ, ಈ ತುದಿ ಒಬ್ಬ, ಒಂದು ಗಂಟೆ ಮಾತಿಲ್ಲ. ಮುಂದಿನ ವಾರದೊಳಗೆ ಗಾಂಧಿ ಬಜಾರಿನಿಂದ ಎರಡು ಬುಗುರಿ ತಂದಿಟ್ಟೆ, ಎರಡಕ್ಕೂ ಸೇರಿ 60-70 ರೂಪಾಯಿ. ಟಿವಿ, ಮೊಬೈಲ್ ಇಲ್ಲ, ನಾವೂ ಅಡುಗೆಮನೆ ಸೇರಿಕೊಂಡೆವು. ಬಾಗಿಲ ಸಂದಿಯಿಂದ ನೋಡಿದರೆ ಮಗ ದಾರದ ತುದಿಗೆ ಎಂಜಲು ಹಚ್ಚಿ, ಬಿಗಿಯಾಗಿ ಸುತ್ತಿ, ಬೀಸಿ ಬಿಟ್ಟು, ತಿರುಗುತ್ತಿದ್ದ ಬುಗುರಿಯನ್ನು ಅಂಗೈಗೆ ಎತ್ತಿಕೊಂಡ. ಊರಲ್ಲಿ ಇದು ಯಾವ ದೊಡ್ಡ ವಿದ್ಯೆಯೂ ಅಲ್ಲ. ಆ ಹುಡುಗ ಬಾಯಿ ಬಿಟ್ಟುಕೊಂಡು ನೋಡಿ, 'ನಂಗೂ ಕೈ ಮೇಲೆ ಬಿಡು' ಅಂದ.

ಮೂರು ತಿಂಗಳಲ್ಲಿ ಒಬ್ಬ ಹೋಗಿ ನಾಲ್ವರಾದರು. ಟೈಲ್ಸ್ ಮೇಲೆ ಮೊಳೆ ಗೀರಿದ್ದಕ್ಕೆ ಓನರ್ ಹತ್ತಿರ ಬೈಸಿಕೊಂಡಿದ್ದೂ ಆಯಿತು. ಹೋದ ವಾರ ಆ ಹುಡುಗನೇ ಪತ್ರೊಡೆ ಕೇಳಿದ. ಮರಕೆಸುವಿನದೇ ಆಗಬೇಕು ಅಂತ ಅಮ್ಮನಿಗೆ ಫೋನ್ ಮಾಡಿದ್ದೇನೆ, ಶುಕ್ರವಾರದ ಬಸ್ಸಿಗೆ ಎಲೆ ಕಳಿಸ್ತಾಳೆ.