ದಾರಕ್ಕೆ ಕಟ್ಟಿದ ಡಬ್ಬಿ: ಮನೆಯೊಳಗಿನ ರೇಡಾನ್ ಅಳೆದ ನನ್ನ ಅನುಭವ

"ಇದ್ರೊಳಗೆ ಕ್ಯಾಮೆರಾ ಗಿಮೆರಾ ಇಲ್ಲ ತಾನೆ?"

ಡಬ್ಬಿ ನೇತುಹಾಕಲು ಹೋದ ಮೊದಲ ಮನೆಯಲ್ಲೇ ಈ ಪ್ರಶ್ನೆ ಬಂತು. ಮೈಸೂರಿನ ಹಳೇ ಬೀದಿಯ ಹೆಂಚಿನ ಮನೆ. ನಾನಾಗ ಸಂಶೋಧನಾ ವಿದ್ಯಾರ್ಥಿ. ಹೆಗಲ ಚೀಲದಲ್ಲಿ ಹನ್ನೆರಡು ಪ್ಲಾಸ್ಟಿಕ್ ಡಬ್ಬಿ, ಒಂದು ಉಂಡೆ ದಾರ, ಒಂದು ನೋಟ್‌ಬುಕ್. ರೇಡಾನ್ ಅಂದರೇನು ಅಂತ ಎರಡೇ ನಿಮಿಷದಲ್ಲಿ ಹೇಳಬೇಕು, ಹೆದರಿಸಲೂಬಾರದು. ವಿಕಿರಣ ಅಂದ ಕೂಡಲೇ ಜನಕ್ಕೆ ಅಣುಬಾಂಬೇ ನೆನಪಾಗುತ್ತದೆ.

ಕೊನೆಗೆ ನಾನು ಹೇಳುತ್ತಿದ್ದುದು ಇಷ್ಟೇ. ಕಲ್ಲು ಮಣ್ಣಿನಲ್ಲಿ ಎಲ್ಲ ಕಡೆ ಚೂರುಪಾರು ಯುರೇನಿಯಂ ಇದ್ದೇ ಇರುತ್ತದೆ. ಅದು ಕೋಟ್ಯಂತರ ವರ್ಷ ಕ್ಷಯಿಸುತ್ತಾ ರೇಡಿಯಂ ಆಗುತ್ತದೆ. ರೇಡಿಯಂನಿಂದ ರೇಡಾನ್ ಅನಿಲ ಹುಟ್ಟುತ್ತದೆ. ಬಣ್ಣ ಇಲ್ಲ, ವಾಸನೆ ಇಲ್ಲ. ಬಯಲಿನಲ್ಲಿ ಗಾಳಿಗೆ ಹಾರಿಹೋಗುತ್ತದೆ. ಮನೆಯಲ್ಲಾದರೆ ನೆಲದ ಬಿರುಕಿನಿಂದ ಮೇಲೆ ಬಂದು, ಮುಚ್ಚಿದ ಕೋಣೆಯಲ್ಲಿ ಕೂತುಬಿಡುತ್ತದೆ. ನಮಗೆಲ್ಲ ಪ್ರಕೃತಿಯಿಂದ ಬರುವ ವಿಕಿರಣದಲ್ಲಿ ಸುಮಾರು ಅರ್ಧ ಪಾಲು ಇದರದ್ದೇ. ಶ್ವಾಸಕೋಶದ ಕ್ಯಾನ್ಸರ್ ವಿಷಯ ಅವರಾಗಿ ಕೇಳಿದರೆ ಮಾತ್ರ ಹೇಳುತ್ತಿದ್ದೆ. ಮನೆಯಲ್ಲಿ ಬೀಡಿ ಸಿಗರೇಟು ಸೇದುವವರಿದ್ದರೆ ಕೇಳದಿದ್ದರೂ ಹೇಳುತ್ತಿದ್ದೆ. ಎರಡೂ ಸೇರಿದರೆ ಅಪಾಯ ಬಹಳ ಜಾಸ್ತಿ.

ಡಬ್ಬಿಯಲ್ಲಿ ಬ್ಯಾಟರಿ ಇಲ್ಲ, ವೈರ್ ಇಲ್ಲ. ಇರುವುದು ಎಲ್‌ಆರ್-115 ಎಂಬ ಫಿಲ್ಮ್‌ನ ಮೂರು ಸಣ್ಣ ತುಂಡು. ಪಾರದರ್ಶಕ ಹಾಳೆಯ ಮೇಲೆ 12 ಮೈಕ್ರಾನ್ ದಪ್ಪದ ಕೆಂಪು ಪದರ. ರೇಡಾನ್‌ನಿಂದ ಹೊರಟ ಆಲ್ಫಾ ಕಣ ಇದಕ್ಕೆ ಬಡಿದರೆ ಕಣ್ಣಿಗೆ ಕಾಣದ ಗಾಯ ಆಗುತ್ತದೆ. ಬೀಟಾ, ಗಾಮಾ ಎಂಬ ಬೇರೆ ಬಗೆಯ ವಿಕಿರಣ ಬಂದು ಹೋದರೂ ಇದಕ್ಕೆ ಗೊತ್ತೇ ಆಗುವುದಿಲ್ಲ. ಮೂರು ತಿಂಗಳು ಸುಮ್ನೆ ನೇತಾಡುತ್ತಾ ಗಾಯಗಳನ್ನು ಕೂಡಿಡುವುದೇ ಅದರ ಕೆಲಸ. ಡಬ್ಬಿಗೆ ಎರಡು ಕೋಣೆ. ಒಂದರ ಬಾಯಿಗೆ ತೆಳು ಪೊರೆ, ಇನ್ನೊಂದಕ್ಕೆ ಫಿಲ್ಟರ್ ಪೇಪರ್. ಮೂರನೇ ತುಂಡು ಹೊರಗೆ, ಬೆತ್ತಲೆ.

ಪೊರೆ ಯಾಕೆ ಅಂದರೆ ಥೋರಾನ್‌ಗಾಗಿ. ಇದೂ ಒಂದು ಅನಿಲವೇ, ಮಣ್ಣಿನಲ್ಲಿರುವ ಥೋರಿಯಂ ಎಂಬ ಇನ್ನೊಂದು ವಿಕಿರಣ ಧಾತುವಿನ ವಂಶದ್ದು, ರೇಡಾನ್‌ನ ಅವಸರದ ತಮ್ಮ. ರೇಡಾನ್‌ನ ಅರ್ಧಾಯುಷ್ಯ, ಅಂದರೆ ಇದ್ದದ್ದರಲ್ಲಿ ಅರ್ಧ ಕ್ಷಯಿಸಲು ಹಿಡಿಯುವ ಕಾಲ, 3.8 ದಿನ, ಥೋರಾನ್‌ನದ್ದು ಒಂದು ನಿಮಿಷವೂ ಇಲ್ಲ, ಸುಮಾರು 55 ಸೆಕೆಂಡ್. ಪೊರೆ ದಾಟುವಷ್ಟರಲ್ಲೇ ಅದರ ಕತೆ ಮುಗಿದಿರುತ್ತದೆ. ಹಾಗಾಗಿ ಪೊರೆಯ ಕೋಣೆಯಲ್ಲಿ ರೇಡಾನ್ ಮಾತ್ರ, ಪೇಪರಿನ ಕೋಣೆಯಲ್ಲಿ ಎರಡೂ. ಕಳೆದರೆ ಥೋರಾನ್ ಸಿಗುತ್ತದೆ.

ನಾನು ಮೊದಲು ಎಡವಿದ್ದು ಇಲ್ಲೇ. ಒಂದು ಮನೆಯಲ್ಲಿ ಥೋರಾನ್ ಎಷ್ಟೋ ಪಟ್ಟು ಜಾಸ್ತಿ ಬಂತು. ಏನೋ ಕಂಡುಹಿಡಿದೆ ಅಂತ ಹಿಗ್ಗಿದೆ. ಸೀನಿಯರ್ ಒಂದೇ ಮಾತು ಕೇಳಿದರು: "ಎಲ್ಲಿ ನೇತುಹಾಕಿದ್ದೆ?" ನೋಟ್‌ಬುಕ್‌ನಲ್ಲಿ ಬರೀ "ನಡುಮನೆ" ಅಂತಿತ್ತು. ಮತ್ತೆ ಆ ಮನೆಗೆ ಹೋಗಿ ನೋಡಿದೆ. ಕ್ಯಾಲೆಂಡರ್ ಮೊಳೆಗೆ ಸಿಕ್ಕಿಸಿದ್ದೆ, ಡಬ್ಬಿ ಮಣ್ಣಿನ ಗೋಡೆಗೆ ಅಂಟಿಕೊಂಡಿತ್ತು. ಗೋಡೆಯಿಂದ ಬಂದ ಥೋರಾನ್ ದೂರ ಹೋಗುವಷ್ಟು ಬದುಕುವುದೇ ಇಲ್ಲ, ಆದ್ದರಿಂದ ಗೋಡೆ ಪಕ್ಕದಲ್ಲೇ ಅದರ ಜಾತ್ರೆ. ನಾನು ಅಳೆದದ್ದು ಮನೆಯನ್ನಲ್ಲ, ಗೋಡೆಯನ್ನು. ಅಂದಿನಿಂದ ತೊಲೆಯಿಂದ ದಾರ ಇಳಿಬಿಟ್ಟು, ಗೋಡೆ, ಫ್ಯಾನು, ಒಲೆ ಯಾವುದಕ್ಕೂ ಹತ್ತಿರ ಇಲ್ಲದ ಹಾಗೆ ಕಟ್ಟತೊಡಗಿದೆ. ನೋಟ್‌ಬುಕ್‌ನಲ್ಲಿ ಒಂದು ಚಿತ್ರವನ್ನೂ ಬಿಡಿಸುತ್ತಿದ್ದೆ.

ಎರಡನೇ ಸಲ ಎಡವಿದ್ದು ಲ್ಯಾಬಿನಲ್ಲಿ. ತಂದ ಫಿಲ್ಮನ್ನು 2.5 ನಾರ್ಮಲ್ ಸಾಂದ್ರತೆಯ ಸೋಡಿಯಂ ಹೈಡ್ರಾಕ್ಸೈಡ್‌ನಲ್ಲಿ 60 ಡಿಗ್ರಿಗೆ ಇಟ್ಟು 90 ನಿಮಿಷ ಬೇಯಿಸಬೇಕು. ಗಾಯ ಆದ ಜಾಗವನ್ನು ಕ್ಷಾರ ಬೇಗ ತಿನ್ನುತ್ತದೆ, ಅಲ್ಲಿ ತೂತು ಬೀಳುತ್ತದೆ. ಒಂದು ದಿನ ಕಾಫಿಗೆ ಅಂತ ಹೋಗಿ ಬರುವಷ್ಟರಲ್ಲಿ ನೀರಿನ ಬಿಸಿ 68 ದಾಟಿತ್ತು. ಕೆಂಪು ಪದರ ಸವೆದು ಸವೆದು ತಿಳಿ ಗುಲಾಬಿ ಆಗಿತ್ತು. ಅದನ್ನು ಎಣಿಸಿದರೆ ಸುಳ್ಳು ಲೆಕ್ಕ. ಅಷ್ಟೂ ಮನೆಗಳ ಮೂರು ತಿಂಗಳು ಸಿಂಕಿನಲ್ಲಿ ಹೋಯಿತು. ಆ ಮನೆಗಳಿಗೆ ಮತ್ತೆ ಹೋಗಿ ಬಾಗಿಲು ತಟ್ಟುವಾಗ ಆದ ನಾಚಿಕೆ ಈಗಲೂ ನೆನಪಿದೆ.

ಎಣಿಕೆ ಮಾತ್ರ ನನಗೆ ಬಹಳ ಇಷ್ಟದ ಕೆಲಸ. ಕೆಂಪು ಪದರವನ್ನು ಹಾಳೆಯಿಂದ ಸುಲಿದು, ಸ್ಪಾರ್ಕ್ ಕೌಂಟರ್‌ನ ಎರಡು ಎಲೆಕ್ಟ್ರೋಡ್‌ಗಳ ನಡುವೆ ಇಟ್ಟು, ಮೇಲೆ ಅಲ್ಯೂಮಿನಿಯಂ ಬಳಿದ ತೆಳು ಮೈಲಾರ್ (ಒಂದು ಬಗೆಯ ಪ್ಲಾಸ್ಟಿಕ್ ಹಾಳೆ) ಹೊದಿಸಬೇಕು. ಮೊದಲು 900 ವೋಲ್ಟ್ ಕೊಟ್ಟರೆ ಅರೆಬರೆ ತೂತುಗಳು ಪೂರ್ತಿ ತೆರೆದುಕೊಳ್ಳುತ್ತವೆ. ಆಮೇಲೆ 500ಕ್ಕೆ ಇಳಿಸಿ ಎಣಿಕೆ. ಚಟ್ ಚಟ್ ಚಟ್. ಒಗ್ಗರಣೆಗೆ ಸಾಸಿವೆ ಸಿಡಿದ ಹಾಗೆ. ಒಂದೊಂದು ತೂತಿಗೂ ಒಂದು ಕಿಡಿ. ಕಿಡಿ ಹಾರಿದ ಜಾಗದಲ್ಲಿ ಅಲ್ಯೂಮಿನಿಯಂ ಸುಟ್ಟುಹೋಗುವುದರಿಂದ ಅದೇ ತೂತಿಗೆ ಎರಡನೇ ಕಿಡಿ ಇಲ್ಲ. ಸದ್ದು ಕೇಳಿಯೇ ಇದು ಗಾಳಿ ಆಡುವ ಮನೆಯೋ ಮುಚ್ಚಿದ ಮನೆಯೋ ಅಂತ ಊಹಿಸುವ ಚಟ ಹತ್ತಿತ್ತು.

ಲೆಕ್ಕ ಕಷ್ಟ ಇಲ್ಲ. ವಿಕಿರಣ ಅಳೆಯುವ ಮಾನ ಬೆಕೆರಲ್: ಸೆಕೆಂಡಿಗೆ ಒಂದು ಪರಮಾಣು ಕ್ಷಯಿಸಿದರೆ ಒಂದು ಬೆಕೆರಲ್. ಪೊರೆಯ ಕೋಣೆಯಲ್ಲಿ, ಒಂದು ಘನ ಮೀಟರ್‌ಗೆ ಒಂದು ಬೆಕೆರಲ್ ಇದ್ದರೆ ದಿನಕ್ಕೆ ಚದರ ಸೆಂಟಿಮೀಟರಿನಲ್ಲಿ ಸುಮಾರು 0.02 ತೂತು. ಅಂದರೆ 90 ದಿನಕ್ಕೆ 90 ತೂತು ಸಿಕ್ಕರೆ ಸುಮಾರು 50 ಬೆಕೆರಲ್. ಎಲ್ಲೂ ನೇತುಹಾಕದ ಹೊಸ ಫಿಲ್ಮ್‌ನಲ್ಲೂ ಒಂದಷ್ಟು ತೂತು ಇರುತ್ತದೆ, ಅದನ್ನು ಮೊದಲೇ ಕಳೆಯಬೇಕು. ವಿಶ್ವ ಆರೋಗ್ಯ ಸಂಸ್ಥೆ 2009ರಲ್ಲಿ ಹೇಳಿದ ಮಟ್ಟ 100. ಅಲ್ಲಿಗೆ ತರಲು ಆಗದಿದ್ದರೂ 300 ಮೀರಬಾರದು ಅಂತ.

ಚಾಮುಂಡಿ ಬೆಟ್ಟದ ಬುಡದಲ್ಲಿ ಗ್ರಾನೈಟ್ ಇದೆ, ಅಲ್ಲಿನ ಮನೆಗಳಲ್ಲೇ ಜಾಸ್ತಿ ಬರುತ್ತದೆ ಅಂತ ನಾನು ಮೊದಲೇ ತೀರ್ಮಾನಿಸಿಬಿಟ್ಟಿದ್ದೆ. ಕಲ್ಲಿನ ಪಾತ್ರ ಇಲ್ಲ ಅಂತಲ್ಲ. ಆದರೆ ನನ್ನ ಪಟ್ಟಿಯಲ್ಲಿ 100 ದಾಟಿದ್ದು ಬೆಟ್ಟದಿಂದ ದೂರದ ಒಂದು ಕೋಣೆ, ಅದೂ ಚಳಿಗಾಲದಲ್ಲಿ. ಅದೇ ಮನೆಯ ನಡುಮನೆಯಲ್ಲಿ ಅದರ ಮೂರನೇ ಒಂದು ಪಾಲೂ ಇರಲಿಲ್ಲ. ಹೋಗಿ ನೋಡಿದರೆ ಹಿಂದಿನ ಕೋಣೆ. ಬಿರುಕು ಬಿಟ್ಟ ನೆಲ, ರಾಗಿ ಮೂಟೆ, ಒಂದು ಮಂಚ. ಇದ್ದ ಒಂದೇ ಗವಾಕ್ಷಿಗೆ ಸೊಳ್ಳೆ ಬರುತ್ತದೆ ಅಂತ ಹಳೇ ಪೇಪರ್ ತುರುಕಿದ್ದರು. ಅಲ್ಲಿ ಮಲಗುತ್ತಿದ್ದುದು ಅಜ್ಜಿ.

ಮಗ ಅವತ್ತೇ ಪೇಪರ್ ಕಿತ್ತು ಜಾಲರಿ ಹೊಡೆದರು, ನೆಲದ ಬಿರುಕಿಗೆ ಸಿಮೆಂಟ್ ಮೆತ್ತಿದರು. ಮುಂದಿನ ಡಬ್ಬಿ ಕಟ್ಟಲು ಕುರ್ಚಿ ಹತ್ತಿದಾಗ ಅಜ್ಜಿ ಕೆಳಗಿನಿಂದ ಶುರು ಮಾಡಿದರು.

"ನೀನು ಬಂದು ಹೋದ್ಮೇಲೆ ರಾತ್ರಿಯೆಲ್ಲಾ ಚಳಿ ಕಣಪ್ಪ. ಗಾಳಿ ನೇರ ತಲೆಗೇ ಹೊಡೆಯುತ್ತೆ."

"ಮುಚ್ಚಬೇಡಿ ಅಜ್ಜಿ, ಮಂಚ ಬೇಕಾದ್ರೆ ಈ ಕಡೆ ಸರಿಸೋಣ."

ಮಂಚ ಸರಿಸಿದೆವು. ಅವರು ಒಪ್ಪಿದ ಹಾಗೆ ಕಾಣಲಿಲ್ಲ. ಮೂಲೆಯಲ್ಲಿ ಒಂದು ಹಳೇ ಸೀರೆ ಮಡಚಿ ಇಟ್ಟದ್ದೂ ಕಣ್ಣಿಗೆ ಬಿತ್ತು. ನೋಟ್‌ಬುಕ್ ತೆಗೆದು ಬರೆದೆ: "ಗವಾಕ್ಷಿ, ಹಗಲು: ತೆರೆದಿದೆ. ರಾತ್ರಿ: ಅಜ್ಜಿಯ ಇಷ್ಟ."