ಇಂಡೋನೇಷ್ಯಾದ ಕಿರುಚಿತ್ರಕ್ಕೆ ಕನ್ನಡ ಸಬ್‌ಟೈಟಲ್: ನಾನು ಮಾಡುವ ರೀತಿ

‘ದಿಯಾ’ ಅಂದರೆ ಅವನೂ ಹೌದು, ಅವಳೂ ಹೌದು. ಯೂಟ್ಯೂಬಿನ ಇಂಡೋನೇಷ್ಯಾ ದೆವ್ವದ ಕಿರುಚಿತ್ರಗಳಲ್ಲಿ ನನಗೆ ಹೆಚ್ಚು ಹೊತ್ತು ಹಿಡಿಯುವುದು ಈ ಪುಟ್ಟ ಪದ. ‘ದಿಯಾ ದಾತಾಂಗ್’ ಎಂದು ಪಾತ್ರ ಪಿಸುಗುಟ್ಟಿದಾಗ ಬಂದದ್ದು ಗಂಡೋ ಹೆಣ್ಣೋ ಅಲ್ಲಿಯವರಿಗೆ ತಿಳಿಯುವುದಿಲ್ಲ. ನಾವು ‘ಬಂದಳು’ ಎಂದು ಬರೆದೆವೋ, ಕ್ರಿಯಾಪದವೇ ಗುಟ್ಟು ಒಡೆಯುತ್ತದೆ. ಕುಂತಿಲಾನಕ್ ಎಂಬುದು ಅಲ್ಲಿನ ಹೆಣ್ಣು ದೆವ್ವ, ‘ಬಂದಳು’ ಎಂದರೆ ಅದೇ ಬಂದಿತೆಂದು ಮೊದಲೇ ಗೊತ್ತಾಗಿಬಿಡುತ್ತದೆ. ಅದಕ್ಕೇ ಚಿತ್ರವನ್ನು ಕೊನೆಯವರೆಗೆ ನೋಡದೆ ಒಂದು ಸಾಲೂ ಬರೆಯುವುದಿಲ್ಲ. ಗುಟ್ಟು ಉಳಿಯಬೇಕಾದ ಕಡೆ ‘ಬಂದೇಬಿಡ್ತು’ ಅಥವಾ ‘ಬಾಗಿಲ ಹತ್ರ ಯಾರೋ ಇದ್ದಾರೆ’ ಎನ್ನುತ್ತೇನೆ. ‘ಬಂದರು’ ಎಂದರೆ ದೆವ್ವಕ್ಕೆ ಮರ್ಯಾದೆ ಕೊಟ್ಟಂತಾಗಿ ಭಯವೇ ಹೋಗುತ್ತದೆ.

ಮಾತಿನ ಕೊನೆಗೆ ಅಂಟುವ ‘ಸಿಹ್’, ‘ದೋಂಗ್’ನಂಥ ಬಾಲಗಳಿಗೆ ನಮ್ಮಲ್ಲೇ ಜೋಡಿ ಇದೆ. ‘ಸಿಯಾಪಾ ಸಿಹ್?’ ‘ಯಾರಪ್ಪಾ ಅದು?’ ಆಗುತ್ತದೆ. ‘ಮಿಂತಾ ದೋಂಗ್’ ಗೆಳತಿಯರ ನಡುವೆ ‘ಸ್ವಲ್ಪ ಕೊಡೇ’. ಜಕಾರ್ತಾದ ‘ಗುವೆ–ಲೋ’ (ಸಲಿಗೆಯ ನಾನು–ನೀನು) ಮಾತಿಗೆ ‘ನೀನು, ಕಣೋ’ ಸಾಕು.

ಜಾವಾ ಭಾಷೆ ಬೆರೆತರೆ ಎಚ್ಚರ ಬೇಕು. 2018ರ ‘ತಿಲಿಕ್’ ಕಿರುಚಿತ್ರ 2020ರಲ್ಲಿ ಯೂಟ್ಯೂಬಿಗೆ ಬಂದು ಮನೆಮಾತಾಯಿತು. ಲಾರಿಯಲ್ಲಿ ನಿಂತ ಹೆಂಗಸರ ಆ ಹರಟೆ ಬಹುಪಾಲು ಜಾವಾ ಭಾಷೆಯದು. ಜಾವಾದಲ್ಲಿ ಸಲಿಗೆಗೆ ‘ಙೊಕೊ’, ಗೌರವಕ್ಕೆ ‘ಕ್ರಮೊ’ ಎಂದು ಬೇರೆ ಬೇರೆ ಪದಗಳೇ ಇವೆ. ಇಂಡೋನೇಷ್ಯನ್ ಕ್ಯಾಪ್ಶನ್ ನೋಡಿ ಅನುವಾದಿಸಿದರೆ ಆ ವ್ಯತ್ಯಾಸ ಕೈತಪ್ಪುತ್ತದೆ. ಧ್ವನಿ ಕೇಳಿಯೇ ‘ನೀನು’, ‘ನೀವು’ ತೀರ್ಮಾನಿಸಬೇಕು. ತಾನಾಗಿ ಮೂಡುವ ಕ್ಯಾಪ್ಶನ್ ನಂಬಬೇಡಿ, ಜಾವಾ ಪದಗಳನ್ನು ಅದು ಇಂಡೋನೇಷ್ಯನ್ ಎಂದುಕೊಂಡು ಏನೇನೋ ಬರೆದಿಡುತ್ತದೆ.

ಏಜಿಸಬ್ ಎಂಬ ಸಬ್‌ಟೈಟಲ್ ತಂತ್ರಾಂಶದಲ್ಲಿ ಸಮಯ ಹೊಂದಿಸುತ್ತೇನೆ. ಎರಡು ಸಾಲು ಮೀರಬಾರದು, ಸಾಲಿಗೆ ಸುಮಾರು 18 ಅಕ್ಷರ, ತೆರೆಯ ಮೇಲೆ ಕನಿಷ್ಠ 1 ಸೆಕೆಂಡ್, ಹೆಚ್ಚೆಂದರೆ 6. ಜಗಳದ ದೃಶ್ಯದಲ್ಲಿ ಮಾತು ಇದಕ್ಕೆ ಹಿಡಿಸುವುದಿಲ್ಲ, ಆಗ ಕರೆಯುವ ಹೆಸರುಗಳನ್ನು ಮೊದಲು ಬಿಡುತ್ತೇನೆ. ಒತ್ತಿನ ಮೇಲೆ ಒತ್ತು ಬರುವ ‘ರಾಷ್ಟ್ರ’ದಂಥ ಪದ ಮೇಲಿನ ಸಾಲಿನಲ್ಲಿದ್ದರೆ ಕೆಳಸಾಲಿಗೆ ತಾಗುತ್ತದೆ, ಅದನ್ನು ಕೆಳಗಿಳಿಸಿ, ಅಂಚಿನಲ್ಲಿ ಜಾಗ ಬಿಡಿ.

ಕಡತವನ್ನು ಕನ್ನಡ ಅಕ್ಷರ ಕೆಡದಂತೆ ಯುಟಿಎಫ್-8 ಎಂಬ ಅಕ್ಷರ ಸಂಕೇತದಲ್ಲೇ ಉಳಿಸಬೇಕು. ವಿಡಿಯೊದಲ್ಲೇ ಅಚ್ಚೊತ್ತುವಾಗ ‘ಕ್ಷ’ ಒಡೆದು ಕ್, ಷ ಬಿಡಿಬಿಡಿಯಾಗಿ ಕಂಡರೆ ಆ ತಂತ್ರಾಂಶದಲ್ಲಿ ಅಕ್ಷರ ಜೋಡಿಸುವ ಹಾರ್ಫ್‌ಬಜ್ ಎಂಬ ಭಾಗ ಇಲ್ಲದಿರಬಹುದು. ನೋಡುಗರೇ ಸಬ್‌ಟೈಟಲ್ ಸೇರಿಸುವ ಸೌಲಭ್ಯವನ್ನು ಯೂಟ್ಯೂಬ್ 2020ರ ಸೆಪ್ಟೆಂಬರ್‌ನಲ್ಲಿ ನಿಲ್ಲಿಸಿತು. ಈಗ ಸಾಲು, ಸಮಯ ಎರಡೂ ಇರುವ ಎಸ್‌ಆರ್‌ಟಿ ಕಡತವನ್ನು ಚಾನೆಲ್‌ನವರಿಗೇ ಕಳಿಸಿ, ಭಾಷೆ ‘ಕನ್ನಡ’ ಎಂದು ಆರಿಸಲು ಹೇಳಬೇಕು.