ಶಂಕುವಿಗೊಂದು ಚೀಟಿ, ಅಡ್ಡಹೆಸರಿಗೊಂದು ಚೀಟಿ

ಕಾರವಾರದ ಪ್ರೌಢಶಾಲೆಯೊಂದರಲ್ಲಿ ಜೀವಶಾಸ್ತ್ರ ಕಲಿಸಿ ನಿವೃತ್ತಳಾದಾಗ ನನ್ನ ಮನೆಯಲ್ಲಿ ಎರಡು ರಾಶಿಗಳು ವಿಂಗಡಣೆಗಾಗಿ ಕಾದು ಕುಳಿತಿದ್ದವು. ಒಂದು, ಬೈತಖೋಲ ಬಂದರಿನಲ್ಲಿ ಟ್ರಾಲರ್ ಬಲೆಯಿಂದ ಮೀನು ಆರಿಸಿದ ಮೇಲೆ ಉಳಿಯುವ ಕಸದಲ್ಲಿಯೂ ಮಾಜಾಳಿ ಕಡೆಯ ಬಂಡೆಗಳ ಸಂದಿನಲ್ಲಿಯೂ ವರ್ಷಗಟ್ಟಲೆ ಆಯ್ದು ತಂದ ಖಾಲಿ ಚಿಪ್ಪುಗಳು. ಇನ್ನೊಂದು, ತೌರುಮನೆಯ ಜಮೀನಿನ ಕಾಗದ, ಶಾಲಾ ದಾಖಲೆಯ ನಕಲು, ಹಳೆಯ ಲಗ್ನಪತ್ರಿಕೆಗಳ ಕಟ್ಟು. ಎರಡನ್ನೂ ಒಂದೇ ಅಳತೆಯ ಚೀಟಿಯ ಮೇಲೆ ಬರೆಯತೊಡಗಿದ್ದು ಮೊದಲಿಗೆ ಬರಿಯ ಜಿಪುಣತನದಿಂದ. ಚಿಪ್ಪುಗಳಿಗೆಂದು ಅಚ್ಚು ಹಾಕಿಸಿದ ಚೀಟಿಗಳು ಮಿಕ್ಕಿದ್ದವು. ಆದರೆ ಚಿಪ್ಪಿನ ಹೆಸರು ಬರೆಯುವಾಗ ಕಲಿತ ಶಿಸ್ತು ಮನುಷ್ಯರ ಹೆಸರಿಗೂ ಹಾಗೆಯೇ ಹೊಂದುತ್ತದೆ ಎಂಬುದು ಕೆಲಸ ಸಾಗಿದಂತೆ ಗೊತ್ತಾಯಿತು.

ಚಿಪ್ಪುಗಳಲ್ಲಿ ನಾನು ಹೆಚ್ಚು ಹೊತ್ತು ಕಳೆದದ್ದು ಶಂಕುಗಳ ಜೊತೆ. ಶಂಖವೆಂದರೆ ಊದುವಂಥದ್ದು, ಶಂಕುವೆಂದರೆ ಗಣಿತದ ಪುಸ್ತಕದಲ್ಲಿ ಬರುವ ಆಕಾರ. ಈ ಒಂದು ಅಕ್ಷರದ ವ್ಯತ್ಯಾಸವನ್ನು ಮಕ್ಕಳಿಗೆ ಹೇಳಿ ಹೇಳಿ ನನಗೆ ಸಾಕಾಗಿತ್ತು. 1758ರಲ್ಲಿ ಸ್ವೀಡನ್ನಿನ ಜೀವಿವಿಜ್ಞಾನಿ ಲಿನೇಯಸ್ ಈ ಬಸವನಹುಳುಗಳ ಕುಲಕ್ಕೆ ಕೋನಸ್ ಎಂದು ಹೆಸರಿಟ್ಟಾಗ ಅವನೂ ಆಕಾರವನ್ನಷ್ಟೇ ನೋಡಿದ್ದ. ಒಳಗಿನ ಪ್ರಾಣಿಯ ಸ್ವಭಾವ ಆ ಹೆಸರಿನಲ್ಲಿ ಎಲ್ಲಿಯೂ ಇಲ್ಲ. ಅದರ ಹಲ್ಲು ಟೊಳ್ಳಾದ ಸಣ್ಣ ಈಟಿಯಂತಿದ್ದು, ಸೊಂಡಿಲಿನ ತುದಿಯಿಂದ ಚಿಮ್ಮಿ ಬೇಟೆಗೆ ವಿಷ ಚುಚ್ಚುತ್ತದೆ. ಹುಳು ತಿನ್ನುವ ಶಂಕುಗಳಿವೆ, ಬೇರೆ ಬಸವನಹುಳುಗಳನ್ನೇ ತಿನ್ನುವವಿವೆ, ಮೀನು ಹಿಡಿಯುವವೂ ಇವೆ. ಮೀನು ಹಿಡಿಯುವ ಕೋನಸ್ ಜಿಯಾಗ್ರಫಸ್ ಮನುಷ್ಯರನ್ನೂ ಕೊಂದಿದೆ. ಅದರ ವಿಷಕ್ಕೆ ಪ್ರತಿವಿಷವಿಲ್ಲ. ಚಿಪ್ಪಿನ ಮೇಲಿನ ಗೆರೆಗಳು ನಕ್ಷೆಯಂತೆ ಕಂಡವೆಂದು ಅದಕ್ಕೆ ಭೂಗೋಳದ ಹೆಸರು ಸಿಕ್ಕಿತು. ಆದ್ದರಿಂದ ಜೀವಂತ ಶಂಕುವನ್ನು ನಾನು ಕೈಯಿಂದ ಮುಟ್ಟಿದ್ದಿಲ್ಲ, ತಂದದ್ದೂ ಇಲ್ಲ. ಬಲೆಯಲ್ಲಿ ಬಂದದ್ದನ್ನು ಇಕ್ಕುಳದಿಂದ ಎತ್ತಿ ನೀರಿಗೆ ಬಿಡಿ ಎಂದು ಬಂದರಿನ ಹುಡುಗರಿಗೆ ಹೇಳುತ್ತಿದ್ದೆ. ಅವರು ನಗುತ್ತಿದ್ದರು, ಬಿಡುತ್ತಲೂ ಇದ್ದರು.

ಊರಿನವರು ಇದನ್ನು ಏನೆಂದು ಕರೆಯುತ್ತಾರೆ ಎಂಬ ಸಾಲನ್ನು ಚೀಟಿಯಲ್ಲಿ ಮೊದಲು ಇಟ್ಟುಕೊಂಡಿದ್ದೆ. ಕವಡೆಗೆ ಹೆಸರಿದೆ, ಬೆಳಚಿಗೆ ಹೆಸರಿದೆ. ಅಂಕೋಲೆಯ ಕಡೆಯಿಂದ ಮೀನು ಆರಿಸಲು ಬರುತ್ತಿದ್ದ ಒಬ್ಬ ಅಜ್ಜಿಯ ಮುಂದೆ ಶಂಕುವೊಂದನ್ನು ಹಿಡಿದು ಕೇಳಿದಾಗ ಅವರು ಬುಟ್ಟಿಯಿಂದ ಕಣ್ಣೆತ್ತದೆ, “ತಿಂಬೂಕೆ ಬರೂದಿಲ್ಲ, ಮಾರೂಕೆ ಬರೂದಿಲ್ಲ, ಅದ್ಕೆ ಹೆಸ್ರು ಯಂತಕೆ ಅಕ್ಕೋರೆ?” ಎಂದರು. ಹೆಸರು ಹುಟ್ಟುವುದರ ಬಗ್ಗೆ ನಾನು ಓದಿದ ಪುಟಗಳಲ್ಲಿ ಇಷ್ಟು ನೇರವಾಗಿ ಹೇಳಿದವು ಕಡಿಮೆ. ಆ ಸಾಲನ್ನು ಹೊಡೆದುಹಾಕಲಿಲ್ಲ. ಶಂಕುಗಳ ಚೀಟಿಯಲ್ಲಿ ಅದು ಇಂದಿಗೂ ಖಾಲಿಯಾಗಿಯೇ ಇದೆ.

ನನ್ನ ದೊಡ್ಡ ತಪ್ಪು ನಡೆದದ್ದು ಒಂದು ಕಂದುಬಣ್ಣದ ಶಂಕುವಿನ ವಿಷಯದಲ್ಲಿ. ಮೈಮೇಲಿನ ಒಣಗಿದ ಸಿಪ್ಪೆಯನ್ನು ಬ್ಲೀಚ್ ಬೆರೆಸಿದ ನೀರಿನಲ್ಲಿ ನೆನೆಸಿ, ಹಳೆಯ ಹಲ್ಲುಜ್ಜುವ ಬ್ರಷ್ಷಿನಿಂದ ತಿಕ್ಕಿದಾಗ, ಒಂದರ ಪಕ್ಕ ಒಂದು ಒತ್ತಾಗಿ ಸುತ್ತಿಕೊಂಡ ಸಪೂರ ಕಪ್ಪು ಗೆರೆಗಳು ಹೊರಬಂದವು. ಪುಸ್ತಕದ ಚಿತ್ರದೊಡನೆ ಹೋಲಿಸಿದೆ. ಕೋನಸ್ ಫಿಗುಲಿನಸ್, ಲಿನೇಯಸ್, 1758. ಇಂಗ್ಲಿಷಿನ ರೂಢಿಯಲ್ಲಿ ಇದನ್ನು ಫಿಗ್ ಕೋನ್ ಎನ್ನುತ್ತಾರೆ, ಆಕಾರವೂ ಅಂಜೂರದಂತೆಯೇ ಇದೆ. ಹೆಸರಿನ ಅರ್ಥದ ಸಾಲಿನಲ್ಲಿ ‘ಅಂಜೂರ’ ಎಂದು ಶಾಯಿಯಲ್ಲಿ ಬರೆದು, ಆ ಚೀಟಿಯನ್ನು ಹಲವು ವರ್ಷ ಮಕ್ಕಳಿಗೆ ತೋರಿಸಿದೆ. ಆಲ, ಅರಳಿ, ಅತ್ತಿ ಎಲ್ಲವೂ ಫೈಕಸ್ ಕುಲದವು, ಲ್ಯಾಟಿನ್ನಿನಲ್ಲಿ ಅಂಜೂರವೆಂದರೆ ಫೈಕಸ್ ಎಂಬುದನ್ನು ಅದೇ ತರಗತಿಯಲ್ಲಿ ಕಲಿಸುತ್ತಿದ್ದವಳಿಗೆ, ಹಾಗಾದರೆ ಇಲ್ಲಿ ಫಿಗುಲಿನಸ್ ಏಕೆ ಬಂತು ಎಂದು ಕೇಳಿಕೊಳ್ಳಲು ತೋಚಲಿಲ್ಲ. ಫಿಗುಲಸ್ ಎಂದರೆ ಕುಂಬಾರ; ಫಿಗುಲಿನಸ್ ಎಂದರೆ ಕುಂಬಾರನಿಗೆ ಸಂಬಂಧಿಸಿದ್ದು, ಮಣ್ಣಿನ ಪಾತ್ರೆಯಂಥದ್ದು. ಅದನ್ನು ನಿಘಂಟಿನಲ್ಲಿ ನೋಡಿದ ದಿನ ಚಿಪ್ಪನ್ನು ಮತ್ತೆ ಕಿಟಕಿಯ ಬೆಳಕಿಗೆ ಹಿಡಿದೆ. ತಿಗರಿಯ ಮೇಲೆ ತಿರುಗುವ ಹಸಿ ಮಡಕೆಗೆ ಬೆರಳು ತಾಗಿಸಿದಾಗ ಮೂಡುವ ಗೆರೆಗಳಂತೆಯೇ ಅವು ಇದ್ದವು. ಲಿನೇಯಸ್ ಅದನ್ನೇ ಕಂಡನೆಂದು ಪ್ರಮಾಣ ಮಾಡಿ ಹೇಳಲಾರೆ, ಆದರೆ ಅಂಜೂರವಂತೂ ಆ ಪದದಲ್ಲಿ ಇಲ್ಲ.

ಅಂದಿನಿಂದ ಒಂದು ಪದ್ಧತಿ ಮಾಡಿಕೊಂಡೆ. ಹೆಸರು, ಹೆಸರಿಟ್ಟವರು, ವರ್ಷ, ಸಿಕ್ಕ ಜಾಗ ಇವನ್ನು ಬೇರೆ ಬೇರೆ ಸಾಲುಗಳಲ್ಲಿ ಬರೆಯುವುದು. ಕಣ್ಣಾರೆ ನೋಡಿದ ದಾಖಲೆ ಇದ್ದರೆ ಶಾಯಿ, ಊಹೆಯಾದರೆ ಪೆನ್ಸಿಲ್. ಹಳೆಯ ಚೀಟಿ ತಪ್ಪೆಂದು ತಿಳಿದರೂ ಹರಿಯದೆ ಹೊಸದರ ಹಿಂದೆ ಪಿನ್ನು ಹಾಕಿ ಇಡುವುದು. ಹೀಗೆ ಬರೆಯುತ್ತ ಹೋದಂತೆ ಪ್ರತಿಯೊಂದು ಹೆಸರಿನ ಹಿಂದೆ ಅದನ್ನು ಇಟ್ಟವರ ಓದು, ಕಸುಬು, ಋಣ ಕಾಣತೊಡಗಿತು. ನಾನು ಚಿತ್ರದಲ್ಲಷ್ಟೇ ಕಂಡ ಕೋನಸ್ ಎಬ್ರೇಯಸ್ಸಿನ ಕಪ್ಪು ಮಚ್ಚೆಗಳು ಯುರೋಪಿನ ಪಂಡಿತನಿಗೆ ಹೀಬ್ರೂ ಅಕ್ಷರಗಳಾದವು. ನಮ್ಮವರು ನೋಡಿದ್ದರೆ ಚೌಕಾಬಾರದ ಮನೆಗಳೆನ್ನುತ್ತಿದ್ದರೇನೋ. ಭಾರತದ ಹೆಮ್ಮೆಯೆಂದು ಸಂಗ್ರಾಹಕರು ಕೊಂಡಾಡುವ, 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ರಕ್ಷಣೆಯಲ್ಲಿರುವ ಕೋನಸ್ ಮಿಲ್ನೆಎಡ್ವರ್ಡ್ಸಿಗೆ 1894ರಲ್ಲಿ ದೊರೆತದ್ದು ಫ್ರೆಂಚ್ ಪ್ರಾಣಿಶಾಸ್ತ್ರಜ್ಞರೊಬ್ಬರ ಅಡ್ಡಹೆಸರು. ಹೀಗೆ ವ್ಯಕ್ತಿಯ ಹೆಸರಿನ ಕೊನೆಗೆ ‘ಇ’ ಸೇರಿದರೆ ಗಂಡಸಿನ ಗೌರವಕ್ಕೆ, ‘ಎ’ ಎಂದು ಮುಗಿದರೆ ಹೆಂಗಸಿನ ಗೌರವಕ್ಕೆ ಇಟ್ಟದ್ದೆಂದು ಸಾಮಾನ್ಯವಾಗಿ ತಿಳಿಯಬೇಕು.

ಇಲ್ಲಿಂದ ಕಾಗದದ ಕಟ್ಟಿಗೆ ಬಂದೆ. ಉಚ್ಚಾರದ ಹೋಲಿಕೆ ಹಿಡಿದು ಅರ್ಥ ಹೇಳುವ ಚಟ ನಮ್ಮ ಕರಾವಳಿಯಲ್ಲಿ ಚಿಪ್ಪಿಗಿಂತ ಅಡ್ಡಹೆಸರುಗಳನ್ನು ಹೆಚ್ಚು ಕಾಡಿದೆ. ಕೈಕಿಣಿ ಎಂದರೆ ಕಿಣಿಯವರದೇ ಒಂದು ಕವಲೆಂದು ನನಗೆ ವಾದಿಸಿ ಹೇಳಿದವರುಂಟು. ಭಟ್ಕಳ ತಾಲೂಕಿನಲ್ಲಿ ಕೈಕಿಣಿ ಎಂಬ ಊರೇ ಇದೆ, ಪಕ್ಕದ ಶಿರಾಲಿ, ಮುರ್ಡೇಶ್ವರಗಳಂತೆ ಅದೂ ಮನೆತನದ ಹೆಸರಾಯಿತು, ಅಷ್ಟೇ. ಹಾಗೆಂದು ಊರಿನ ಸೂತ್ರವನ್ನು ಎಲ್ಲೆಡೆ ಹಾಕಿದರೂ ಕೆಡುತ್ತದೆ. ಅಂಕೋಲೇಕರ್ ಎಂದರೆ ಅಂಕೋಲೆಯವರು, ಆದರೆ ಗಾಂವಕರ್ ಎಂಬಲ್ಲಿ ಅದೇ ‘ಕರ್’ ಇದ್ದರೂ ಅದು ಯಾವುದೋ ಊರಿನಿಂದ ಬಂದವರೆಂದು ಹೇಳುವುದಿಲ್ಲ, ಊರಿನಲ್ಲಿ ಹಕ್ಕು ಹಿರಿತನ ಇದ್ದವರೆಂದು ಹೇಳುತ್ತದೆ. ತಾಂಡೇಲ ದೋಣಿಯ ಮುಖ್ಯಸ್ಥ. ನಾಡಕರ್ಣಿ ನಾಡಿನ ಲೆಕ್ಕ ಬರೆದವನು. ಶಿರಸಿ ಕಡೆಯ ಹೆಗಡೆಯವರ ಹೆಸರು ಹಳಗನ್ನಡ ಶಾಸನಗಳಲ್ಲಿ ಪೆರ್ಗಡೆ ಎಂದು ಕಾಣುವ ಅಧಿಕಾರಿಯ ಪದ. ಪಕಾರ ಹಕಾರವಾದದ್ದು ಹಾಲು, ಹೂವುಗಳಲ್ಲಿ ಆದಂತೆಯೇ. ಅಧಿಕಾರದ ಹೆಸರಾದ್ದರಿಂದಲೇ ಒಂದಕ್ಕೊಂದು ನೆಂಟಸ್ತಿಕೆ ಇಲ್ಲದ ಸಮುದಾಯಗಳಲ್ಲಿ ಹೆಗಡೆಯವರೂ ನಾಯಕರೂ ಇದ್ದಾರೆ. ಹೆಸರು ಒಂದೇ ಎಂದ ಮಾತ್ರಕ್ಕೆ ಬೇರು ಒಂದೇ ಎಂದು ನಾನು ಚೀಟಿಗಳನ್ನು ಒಂದೇ ಡಬ್ಬಿಗೆ ಹಾಕುವುದಿಲ್ಲ.

ಬೆಂಗಳೂರಿನ ಕಡೆಯ ನೆಂಟರಿಗೆ ನಮ್ಮ ಮೂರು ತುಂಡಿನ ಹೆಸರು ವಿಚಿತ್ರವಾಗಿ ಕಾಣುತ್ತದೆ. ಅವರಲ್ಲಿ ಇನಿಷಿಯಲ್ ಮುಂದೆ, ಹೆಸರು ಹಿಂದೆ. ನಮ್ಮಲ್ಲಿ ಸ್ವಂತ ಹೆಸರು, ಅಪ್ಪನ ಹೆಸರು, ಅಡ್ಡಹೆಸರು. ಉತ್ತರ ಕನ್ನಡ 1862ರಲ್ಲಿ ಮದ್ರಾಸಿನಿಂದ ಮುಂಬಯಿ ಪ್ರಾಂತಕ್ಕೆ ಸೇರಿ 1956ರವರೆಗೆ ಅಲ್ಲಿಯೇ ಇದ್ದದ್ದರ ಗುರುತು ನಮ್ಮ ಸಹಿಗಳಲ್ಲಿ ಹೀಗೆ ಉಳಿದಿದೆ ಎಂಬುದು ನನ್ನ ಅಭಿಪ್ರಾಯ. ಮದ್ರಾಸಿನಲ್ಲೇ ಉಳಿದ ದಕ್ಷಿಣ ಕನ್ನಡದವರ ಇನಿಷಿಯಲ್ಲುಗಳನ್ನು ಪಕ್ಕದಲ್ಲಿಟ್ಟು ನೋಡಿದರೆ ಸಾಕು. ಮೂರನೆಯ ಖಾನೆ ತುಂಬಲೇಬೇಕಾದಾಗ ಗುಮಾಸ್ತರು ಕಂಡದ್ದನ್ನು ತುಂಬಿದರು. ನಮ್ಮ ತಂದೆಯನ್ನು ಒಂದು ಶಾಲೆಯಲ್ಲಿ ನಾಯ್ಕ ಎಂದು ಬರೆದರು, ಎರಡು ವರ್ಷದ ನಂತರ ಚಿಕ್ಕಪ್ಪನನ್ನು ಅದೇ ಶಾಲೆಯಲ್ಲಿ ಊರಿನ ಹೆಸರು ಹಿಡಿದು ಕಡವಾಡಕರ್ ಎಂದು ಬರೆದರು. ಅಜ್ಜನ ಜಮೀನು ಪಾಲಾಗುವ ಹೊತ್ತಿಗೆ ಇಬ್ಬರೂ ಒಂದೇ ಅಪ್ಪನ ಮಕ್ಕಳೆಂದು ಛಾಪಾ ಕಾಗದದ ಮೇಲೆ ಬರೆಸಿ ತಿಂಗಳುಗಟ್ಟಲೆ ಅಲೆಯಬೇಕಾಯಿತು. ಪ್ರಾಣಿಶಾಸ್ತ್ರದಲ್ಲಿ ಒಂದೇ ಜೀವಿಗೆ ಎರಡು ಹೆಸರಿದ್ದರೆ 1758ರಿಂದ ಈಚೆಗೆ ಮೊದಲು ಪ್ರಕಟವಾದದ್ದು ಸಾಮಾನ್ಯವಾಗಿ ನಿಲ್ಲುತ್ತದೆ. ನಮ್ಮ ಕಚೇರಿಗಳಲ್ಲಿ ಇತ್ತೀಚಿನ ಕಾರ್ಡಿನಲ್ಲಿರುವುದು ನಿಲ್ಲುತ್ತದೆ.

ಅಮ್ಮನ ಚೀಟಿ ಬರೆಯಲು ಹೊರಟಾಗ ನನಗೆ ದಾರಿ ತೋರಿದ್ದು ಬಂಡೆಯ ಸಂದಿನಲ್ಲಿ ಸಿಕ್ಕ ಇನ್ನೊಂದು ಸಣ್ಣ ಶಂಕು. ಅದರ ಹೆಸರು ಕೋನಸ್ ಬಿಲಿಯೋಸಸ್ (ರೋಡಿಂಗ್, 1798). ಈ ಕಂಸ ಅಲಂಕಾರಕ್ಕಲ್ಲ. ರೋಡಿಂಗ್ ಮೊದಲು ಇದನ್ನು ಕುಕುಲಸ್ ಎಂಬ ಕುಲದಲ್ಲಿ ಇಟ್ಟಿದ್ದ, ಆ ಪದಕ್ಕೆ ಕುಲಾವಿಯೆಂದು ಅರ್ಥ. ಪ್ರಭೇದವು ಹುಟ್ಟಿದ ಕುಲವನ್ನು ಬಿಟ್ಟು ಬೇರೆ ಕುಲಕ್ಕೆ ಹೋದರೆ ಹೆಸರಿಟ್ಟವನು ಕಂಸದೊಳಗೆ ಸೇರುತ್ತಾನೆ, ಪ್ರಭೇದದ ಹೆಸರು ಮಾತ್ರ ಅದರ ಜೊತೆಗೇ ಹೋಗುತ್ತದೆ. 2009ರಲ್ಲಿ ಇಬ್ಬರು ತಜ್ಞರು ಶಂಕುಗಳನ್ನು ನೂರಕ್ಕೂ ಹೆಚ್ಚು ಕುಲಗಳಾಗಿ ಒಡೆದಾಗ ನನ್ನ ಚೀಟಿಗಳೆಲ್ಲ ಹಳತಾದವು, ಮುಂದೆ ಕೆಲವೇ ವರ್ಷಗಳಲ್ಲಿ ಡಿಎನ್‌ಎ ಆಧಾರದ ಮೇಲೆ ನಾಲ್ಕು ಕುಲಗಳು ಸಾಕೆಂದು ಬೇರೆಯವರು ತೋರಿಸಿದಾಗ ಹೆಚ್ಚಿನವು ಕೋನಸ್ಸಿಗೇ ಮರಳಿದವು. ಆ ಹೋಗಿ ಬರುವಿಕೆಯಲ್ಲಿ ಫಿಗುಲಿನಸ್ ಫಿಗುಲಿನಸ್ಸಾಗಿಯೇ ಉಳಿಯಿತು.

ನಮ್ಮ ಹೆಂಗಸರಿಗೆ ಅಷ್ಟು ಅನುಕೂಲವಿರಲಿಲ್ಲ. ಮದುವೆಯಾದೊಡನೆ ಅಪ್ಪನ ಹೆಸರೂ ಅಡ್ಡಹೆಸರೂ ಹೋಗಿ ಗಂಡನವು ಬರುತ್ತಿದ್ದವು, ಕೆಲವು ಮನೆತನಗಳಲ್ಲಿ ತಟ್ಟೆಯ ಅಕ್ಕಿಯ ಮೇಲೆ ಉಂಗುರದಿಂದ ಹೊಸ ಹೆಸರನ್ನೇ ಬರೆದು ಕರೆಯುತ್ತಿದ್ದರು. ಅಮ್ಮ ನಮಗೆ ಸುಶೀಲಾ. ಹಳೆಯ ಹೆಸರು ಕೇಳಿದರೆ, “ಅದೆಲ್ಲ ಈಗ ಯಂತಕೆ?” ಎಂದು ಮಾತು ತೇಲಿಸುತ್ತಿದ್ದರು. ಅವರು ಹೋದ ಮೇಲೆ ಅಟ್ಟದಿಂದ ಇಳಿಸಿದ ತಾಮ್ರದ ತಂಬಿಗೆಯನ್ನು ಹುಣಸೆಹಣ್ಣು ಹಾಕಿ ಬೆಳಗುತ್ತಿದ್ದಾಗ, ಕಂಠದ ಕೆಳಗೆ ಚುಕ್ಕಿ ಚುಕ್ಕಿಯಾಗಿ ಹೊಡೆದ ಅಕ್ಷರಗಳು ಬೆರಳಿಗೆ ತಾಗಿದವು. ಮೊದಲ ಅಕ್ಷರ ಸವೆದಿತ್ತು. ಶಂಕು ನೋಡುವ ಭೂತಗನ್ನಡಿ ತಂದು ಓರೆ ಬೆಳಕಿನಲ್ಲಿ ತಿರುಗಿಸಿದಾಗ ‘ದ್ವಾರಕಾ’ ಎಂದು ಓದಲು ಬಂತು, ಮುಂದೆ ಅಮ್ಮನ ಅಪ್ಪನ ಹೆಸರು.

ಅವರ ಚೀಟಿಯಲ್ಲಿ ಸುಶೀಲಾ ಎಂಬುದರ ಮುಂದೆ ಕಂಸದಲ್ಲಿ ದ್ವಾರಕಾ ಎಂದು ಶಾಯಿಯಲ್ಲಿ ಬರೆದಿದ್ದೇನೆ. ಪ್ರಾಣಿಶಾಸ್ತ್ರದ ನಿಯಮಕ್ಕೆ ಇದು ಪೂರ್ತಿ ಹೊಂದುವುದಿಲ್ಲ, ಅಲ್ಲಿ ಕಂಸ ಸೇರುವುದು ಇಟ್ಟವರ ಹೆಸರು, ಇಲ್ಲಿ ಇಟ್ಟ ಹೆಸರೇ. ‘ಹೆಸರಿಟ್ಟವರು’ ಎಂಬ ಸಾಲಿನಲ್ಲಿ ಸೋದರತ್ತೆ ಎಂದು ಪೆನ್ಸಿಲಿನಲ್ಲಿದೆ, ಏಕೆಂದರೆ ತೊಟ್ಟಿಲಲ್ಲಿ ಕಿವಿಯೊಳಗೆ ಹೆಸರು ಹೇಳುವುದು ಆ ಮನೆಯಲ್ಲಿ ಸೋದರತ್ತೆಯ ಪಾಲು. ಶಿರಾಲಿಯಲ್ಲಿ ಅಮ್ಮನ ಚಿಕ್ಕಪ್ಪನ ಮಗಳೊಬ್ಬರು ಇನ್ನೂ ಇದ್ದಾರೆ, ಮಳೆ ಬಿಟ್ಟ ಮೇಲೆ ಹೋಗಿ ಕೇಳಬೇಕು.